ತೆರೆಯ ಮೇಲೆ ಕಾಣದ ಕೈ

ಒಳ್ಳೆಯ ಸಾಕ್ಷ್ಯಚಿತ್ರ ನೋಡಿ ಬಂದವರು ನಿರ್ದೇಶಕರ ಹೆಸರು ಹೇಳುತ್ತಾರೆ. ಛಾಯಾಗ್ರಾಹಕರನ್ನೂ ಕೆಲವರು ನೆನೆಯುವುದುಂಟು. ಸಂಕಲನಕಾರ ಯಾರೆಂದು ಕೇಳಿದರೆ ಉತ್ತರವಿಲ್ಲ. ಸುದ್ದಿಮನೆಯಲ್ಲಿ ವರ್ಷಗಟ್ಟಲೆ ಬೇರೆಯವರ ಬರಹ ತಿದ್ದಿದ ನನಗೆ ಈ ಮರೆವು ಹೊಸತೇನಲ್ಲ.

ಇದನ್ನು ಗಂಭೀರವಾಗಿ ಪ್ರಶ್ನಿಸಿದವರು ಬ್ರಿಟನ್ನಿನ ಡೈ ವಾನ್. 2012ರಲ್ಲಿ ನಿಧನರಾದ ಅವರು ಸ್ವತಃ ದೂರದರ್ಶನ ಸಾಕ್ಷ್ಯಚಿತ್ರಗಳ ಸಂಕಲನಕಾರರು. 1983ರಲ್ಲಿ ತಮ್ಮ ವೃತ್ತಿಯ ಹಿರಿಯ ಸ್ಟುವರ್ಟ್ ಮೆಕಾಲಿಸ್ಟರ್ ಕುರಿತು ಅವರು ಬರೆದ ಪುಸ್ತಕದ ಹೆಸರೇ ‘ಪೋರ್ಟ್ರೇಟ್ ಆಫ್ ಆ್ಯನ್ ಇನ್‌ವಿಸಿಬಲ್ ಮ್ಯಾನ್’. ಅದೃಶ್ಯ ಮನುಷ್ಯನೊಬ್ಬನ ಭಾವಚಿತ್ರ!

ಮೆಕಾಲಿಸ್ಟರ್ ಹೆಸರಿರುವ ‘ಲಿಸನ್ ಟು ಬ್ರಿಟನ್’ (1942) ಸುಮಾರು 20 ನಿಮಿಷಗಳ ಯುದ್ಧಕಾಲದ ಚಿತ್ರ. ಆರಂಭದ ಪೀಠಿಕೆಯನ್ನು (ಅದಿಲ್ಲದಿದ್ದರೆ ಚೆನ್ನಿತ್ತು) ಬಿಟ್ಟರೆ ನಿರೂಪಣೆಯೇ ಇಲ್ಲ. ಕಾರ್ಖಾನೆಯ ಕ್ಯಾಂಟೀನಿನಲ್ಲಿ ಫ್ಲಾನಗನ್ ಮತ್ತು ಆಲೆನ್ ಜೋಡಿ ಹಾಡುತ್ತಿದೆ; ಊಟದ ನಡುವೆ ಕಾರ್ಮಿಕರೂ ದನಿಗೂಡಿಸುತ್ತಾರೆ. ಅಲ್ಲಿಂದ ನೇರವಾಗಿ ನ್ಯಾಷನಲ್ ಗ್ಯಾಲರಿ. ಮೈರಾ ಹೆಸ್ ಪಿಯಾನೊದಲ್ಲಿ ಮೊಜಾರ್ಟ್ ನುಡಿಸುತ್ತಿದ್ದಾರೆ, ಕೇಳುಗರ ನಡುವೆ ರಾಣಿಯೂ ಇದ್ದಾರೆ. ಸಿರಿವಂತರೂ ಬಡವರೂ ಒಂದೇ ಯುದ್ಧದಲ್ಲಿದ್ದಾರೆಂದು ಯಾರೂ ಭಾಷಣ ಮಾಡುವುದಿಲ್ಲ. ಒಂದು ನಾದ ಇನ್ನೊಂದರೊಳಗೆ ಸರಿಯುತ್ತದೆ, ಅಷ್ಟೆ. ಶೀರ್ಷಿಕೆಯಲ್ಲಿ ನಿರ್ದೇಶನ, ಸಂಕಲನ ಎರಡಕ್ಕೂ ಹಂಫ್ರಿ ಜೆನ್ನಿಂಗ್ಸ್ ಮತ್ತು ಮೆಕಾಲಿಸ್ಟರ್ ಹೆಸರುಗಳು ಒಟ್ಟಿಗೇ ಇವೆ. ಆದರೂ ಕೀರ್ತಿ ಬಹುಪಾಲು ಸಂದದ್ದು ಜೆನ್ನಿಂಗ್ಸ್‌ಗೆ.

ಇದು ಬರಿಯ ಕೀರ್ತಿಯ ತಕರಾರಾಗಿದ್ದರೆ ಬರೆಯುತ್ತಿರಲಿಲ್ಲ. ಸಾಕ್ಷ್ಯಚಿತ್ರದಲ್ಲಿ ಮಾತನಾಡುವವರು ನಟರಲ್ಲ, ನಿಜದ ಜನ. ಪ್ರಶ್ನೆಗೂ ಉತ್ತರಕ್ಕೂ ನಡುವಿನ ಎರಡು ಸೆಕೆಂಡುಗಳ ಮೌನವನ್ನು ಕತ್ತರಿಸಿದರೆ ತಡವರಿಸಿದವನು ದೃಢಚಿತ್ತನಾಗಿ ಕಾಣುತ್ತಾನೆ. ಉಳಿಸಿದರೆ ಪ್ರಾಮಾಣಿಕನೂ ಸುಳ್ಳುಗಾರನಂತೆ ತೋರಬಹುದು. ಮಾತು ತುಂಡಾದ ಕಡೆ ಸಂದರ್ಶಕ ತಲೆದೂಗುವ, ಆಮೇಲೆ ಚಿತ್ರಿಸಿಕೊಂಡ ದೃಶ್ಯವೊಂದನ್ನು ಇಟ್ಟು ಹೊಲಿಗೆ ಮುಚ್ಚುವುದು ದೂರದರ್ಶನದ ಹಳೆಯ ರೂಢಿ. ನೋಡುಗನಿಗೆ ಅಲ್ಲಿ ಕತ್ತರಿ ಆಡಿದ್ದೇ ತಿಳಿಯದು. ವಾನ್ ಸಂಕಲನ ಮಾಡಿದ ರೋಜರ್ ಗ್ರೇಫ್ ಅವರ ‘ದಿ ಸ್ಪೇಸ್ ಬಿಟ್‌ವೀನ್ ವರ್ಡ್ಸ್’ (1972) ಸರಣಿಯ ವಸ್ತುವೇ ಮಾತುಗಳ ನಡುವೆ ಜನ ಪರಸ್ಪರ ಅರಿಯುವ, ಅರಿಯದೆ ಹೋಗುವ ಬಗೆ. ಅಂಥಲ್ಲಿ ಮೌನವನ್ನು ಕತ್ತರಿಸುವುದೆಂದರೆ ಸಾಕ್ಷ್ಯವನ್ನೇ ಕತ್ತರಿಸಿದಂತೆ.

ಇಷ್ಟು ಹೊಣೆ ಹೊತ್ತವರ ಹೆಸರು ಇಂದು ವಾಹಿನಿಗಳಲ್ಲಿ ಓದುವ ಮೊದಲೇ ಓಡಿಹೋಗುತ್ತದೆ, ಇಲ್ಲವೇ ಮುಂದಿನ ಕಾರ್ಯಕ್ರಮದ ಜಾಹೀರಾತಿಗಾಗಿ ತೆರೆಯ ಮೂಲೆಗೆ ಸೇರುತ್ತದೆ. ಆ ಹೆಸರನ್ನು ಓದಲು ಆಗುವಷ್ಟು ಹೊತ್ತು ನಿಲ್ಲಿಸಿ ಎಂದಷ್ಟೇ ನನ್ನ ಕೋರಿಕೆ. ಮೆಕಾಲಿಸ್ಟರ್ 1962ರಲ್ಲೇ ತೀರಿಕೊಂಡಿದ್ದರು. ವಾನ್ ಪುಸ್ತಕ ಬರಲು ಮತ್ತೆ 21 ವರ್ಷ ಬೇಕಾಯಿತು.