ಮನೆವಾರ್ತೆ: ನಿಂತುಹೋದ ಆಟವನ್ನು ಮುಚ್ಚುವ ಕ್ರಮ

ಕುಂಬಾರನಿಗೆ ವರುಷ, ದೊಣ್ಣೆಗೆ ನಿಮಿಷ ಎಂಬ ಗಾದೆಯನ್ನು ಕೇಳದವರು ನಮ್ಮ ವಾಚಕರಲ್ಲಿ ಯಾರೂ ಇರಲಾರರು. ಆದರೆ ಆ ದೊಣ್ಣೆಯು ಒಮ್ಮೊಮ್ಮೆ ನಮ್ಮ ಕೈಯಲ್ಲಿಯೇ ಇರುವುದೆಂಬುದು ಕಳೆದ ಬೇಸಗೆಯ ರಜೆಯಲ್ಲಿ ನಮಗೆ ಅನುಭವಕ್ಕೆ ಬಂದಿತು. ವಿಷಯವು ನಮಗೆ ನಾಚಿಕೆಯನ್ನುಂಟುಮಾಡತಕ್ಕದ್ದೇ. ಆದರೂ ನಾವು ಮಾಡಿದ ತಪ್ಪನ್ನು ಇನ್ನೊಂದು ಮನೆಯ ಹಿರಿಯರು ಮಾಡದಿರಲೆಂಬ ಉದ್ದೇಶದಿಂದ ಈ ತಿಂಗಳ ಮನೆವಾರ್ತೆಯನ್ನು ಅದಕ್ಕಾಗಿಯೇ ಮೀಸಲಿಟ್ಟಿದ್ದೇವೆ.

ನಮ್ಮ ನಡುಮನೆಯಲ್ಲಿ ಮೇಜಿನ ಮೇಲೆ ಒಂದು ಕಂಪ್ಯೂಟರು ಇದೆ. ಹಗಲಿನಲ್ಲಿ ನಮ್ಮ ಸೊಸೆಯು ಅದರಲ್ಲಿ ತನ್ನ ಕೆಲಸವನ್ನೂ ಮನೆಯ ಜಮಾಖರ್ಚನ್ನೂ ನೋಡಿಕೊಳ್ಳುವಳು; ಸಂಜೆ ಒಂದು ಗಂಟೆಯ ಕಾಲ ಹನ್ನೆರಡು ವರ್ಷದ ಮೊಮ್ಮಗನೂ ಒಂಬತ್ತು ವರ್ಷದ ಮೊಮ್ಮಗಳೂ ಆಡಿಕೊಳ್ಳುವರು. ಅವರ ಆಟವು ಹೊಡೆದಾಟದ್ದಲ್ಲ; ಚೌಕದ ಕಲ್ಲುಗಳನ್ನು ಒಂದೊಂದಾಗಿ ಇಟ್ಟು ಮನೆ, ಕೆರೆ, ಸೇತುವೆ, ತೋಟಗಳನ್ನು ಕಟ್ಟುವ ಆಟ. ಎರಡು ತಿಂಗಳಿಂದ ಇಬ್ಬರೂ ಸೇರಿ ಅದರಲ್ಲಿ ಒಂದು ಊರನ್ನೇ ಎಬ್ಬಿಸಿದ್ದರು. ಒಂದು ದಿನ ರಾತ್ರಿ ಎಂಟು ಗಂಟೆಗೆ ಊಟಕ್ಕೆ ಎಲೆ ಹಾಕಿ ಮೂರು ಸಲ ಕರೆದರೂ ಹುಡುಗನು ಏಳಲಿಲ್ಲ. ಹೋಗಿ ನೋಡಲಾಗಿ ಪರದೆಯ ಚಿತ್ರವು ಅಲ್ಲಾಡದೆ ನಿಂತಿದ್ದಿತು. ಶಬ್ದವೊಂದು ದುಂಬಿಯಂತೆ ಒಂದೇ ಸಮನೆ ಮೊರೆಯುತ್ತಿದ್ದಿತು. ಹುಡುಗನು ಕೀಲಿಗಳನ್ನೆಲ್ಲ ಒತ್ತುತ್ತ, "ತಾತ, ಇದು ನಿಂತುಬಿಟ್ಟಿದೆ, ಸ್ವಲ್ಪ ತಾಳಿ" ಎಂದನು. ಇದು ಇನ್ನಷ್ಟು ಆಡುವುದಕ್ಕೆ ಹೂಡಿದ ನೆಪವೆಂದು ಭಾವಿಸಿ, ನಾವು ಗೋಡೆಯ ಸ್ವಿಚ್ಚನ್ನು ಆರಿಸಿಬಿಟ್ಟೆವು.

ಮರುದಿನ ಯಂತ್ರವನ್ನು ಹಚ್ಚಿದಾಗ ಮಕ್ಕಳ ಊರೇನೋ ತೆರೆದುಕೊಂಡಿತು. ಆದರೆ ಮೊಮ್ಮಗಳು ತೋಟ ಮಾಡಿದ್ದ ಮೂಲೆಯಲ್ಲಿ ತೋಟವಿರಲಿಲ್ಲ; ಮನುಷ್ಯರ ಕೈಯೇ ಸೋಕದಂತಹ ಕಾಡುಗುಡ್ಡವು ಮೊದಲ ದಿನ ಇದ್ದಂತೆಯೇ ನಿಂತಿದ್ದಿತು. ಆ ಜಾಗದ ದಾಖಲೆಯು ಕೆಟ್ಟು ಓದಲಾಗದೆ ಹೋದುದರಿಂದ ಯಂತ್ರವು ಅಲ್ಲಿ ಹೊಸದಾಗಿ ನೆಲವನ್ನು ನಿರ್ಮಿಸಿಬಿಟ್ಟಿತೆಂದು ಆಮೇಲೆ ತಿಳಿಯಿತು. ಸೊಸೆಯು ಹಿಂದೆ ತೆರೆದಿಟ್ಟಿದ್ದ ಆ ತಿಂಗಳ ಲೆಕ್ಕವೂ ಸೇವ್ ಆಗದೆ ಹೋಗಿದ್ದಿತು. ಆಕೆ ಏನೂ ಹೇಳಲಿಲ್ಲ. ಹುಡುಗನು ಮಾತ್ರ, "ತಾತ, ಅದು ನಿಜವಾಗಿಯೂ ನಿಂತುಹೋಗಿತ್ತು. ನೀವು ಒಂದು ಮಾತು ಕೇಳಬಹುದಿತ್ತಲ್ಲ" ಎಂದನು. ಚಿಕ್ಕವಳು ಅತ್ತಳು. ಅದಕ್ಕೆ ನಮ್ಮಲ್ಲಿ ಉತ್ತರವಿರಲಿಲ್ಲ.

ಆಮೇಲೆ ಕಂಪ್ಯೂಟರು ರಿಪೇರಿಯನ್ನು ಬಲ್ಲ ತರುಣ ಸ್ನೇಹಿತರೊಬ್ಬರನ್ನು ಕರೆಸಿ, ಇಂತಹ ಸಮಯದಲ್ಲಿ ಮಾಡತಕ್ಕದ್ದೇನೆಂಬುದನ್ನು ವಿಚಾರಿಸಿದೆವು. ಅವರು ತಿಳಿಸಿದುದನ್ನೂ ನಾವು ಸ್ವತಃ ಮಾಡಿ ನೋಡಿದುದನ್ನೂ ಸೇರಿಸಿ ಇಲ್ಲಿ ಬರೆಯುತ್ತೇವೆ.

ಮೊದಲು ತಿಳಿಯಬೇಕಾದುದೇನೆಂದರೆ, ಓಡುತ್ತಿರುವ ಆಟವನ್ನು ಮುಗಿಸುವುದಕ್ಕೆ ಎರಡು ಬಗೆಗಳುಂಟು. ಒಂದು, ಮುಗಿಸೆಂದು ಅದನ್ನು ಕೇಳಿಕೊಳ್ಳುವುದು. ಇನ್ನೊಂದು, ಅದನ್ನು ಕೇಳದೆಯೇ ಕೊನೆಗಾಣಿಸುವುದು. ಕೇಳಿಕೊಂಡಾಗ ಆಟವು ತನ್ನ ಕೈಯಲ್ಲಿದ್ದ ಕೆಲಸವನ್ನು ಮುಗಿಸಿ, ಬರೆಯಬೇಕಾದುದನ್ನು ಬರೆದಿಟ್ಟು, ತೆರೆದ ಫೈಲುಗಳನ್ನು ಮುಚ್ಚಿ ಹೋಗುವುದು. ಕೇಳದೆ ಮುಗಿಸಿದರೆ ಬರೆಯುತ್ತಿದ್ದ ಸಾಲು ಅರ್ಧಕ್ಕೇ ನಿಲ್ಲುವುದು. ಯೂನಿಕ್ಸ್ ಮತ್ತು ಲಿನಕ್ಸ್ ವ್ಯವಸ್ಥೆಗಳಲ್ಲಿ ಈ ಭೇದಕ್ಕೆ ಅಂಕೆಗಳೇ ಇವೆ. ೧೫ನೆಯ ಸಂಕೇತವು ಮುಗಿಸೆಂಬ ಕೋರಿಕೆ. ಅದನ್ನು ಕೇಳಿ ಪ್ರೋಗ್ರಾಮು ತನ್ನ ಮನೆಯನ್ನು ಅಚ್ಚುಕಟ್ಟುಮಾಡಿಕೊಳ್ಳಬಹುದು. ೯ನೆಯ ಸಂಕೇತವನ್ನಾದರೋ ಯಾವ ಪ್ರೋಗ್ರಾಮೂ ತಡೆಯಲಾರದು, ಕೇಳಿಸಲಿಲ್ಲವೆಂದು ಸುಮ್ಮನಿರಲೂ ಆರದು. ಬಲ್ಲವರು ಮೊದಲು ೧೫ನ್ನು ಕಳುಹಿಸಿ, ಸ್ವಲ್ಪ ಕಾದು, ಅನಂತರವೇ ೯ಕ್ಕೆ ಕೈ ಹಾಕುವರು.

ಆದುದರಿಂದ ಆಟವು ಸರಿಯಾಗಿ ನಡೆಯುತ್ತಿರುವಾಗ ಅದರೊಳಗಿನ ದಾರಿಯಿಂದಲೇ ಹೊರಬರುವುದು ಉತ್ತಮ. ಬಹುಪಾಲು ಆಟಗಳಲ್ಲಿ ಎಸ್ಕೇಪ್ ಕೀಲಿಯನ್ನು ಒತ್ತಿದರೆ ಒಂದು ಪಟ್ಟಿಯು ಬರುವುದು. ಅದರಲ್ಲಿ ಸೇವ್ ಮಾಡುವ ಮಾತೂ ಹೊರಡುವ ಮಾತೂ ಇರುವುವು. ಪರದೆಯ ಮೂಲೆಯಲ್ಲಿ ಚಿಕ್ಕ ಗುರುತೊಂದು ತಿರುಗುತ್ತಿದ್ದರೆ ಆಟವು ಆಗ ತಾನಾಗಿಯೇ ಬರೆದುಕೊಳ್ಳುತ್ತಿದೆಯೆಂದು ತಿಳಿಯಬೇಕು. ಅದು ಮರೆಯಾಗುವವರೆಗೆ ಏನನ್ನೂ ಮುಟ್ಟಕೂಡದು. ಆಟವು ಮುಚ್ಚಿದ ಕೂಡಲೇ ಯಂತ್ರವನ್ನು ಆರಿಸುವುದೂ ಒಳ್ಳೆಯದಲ್ಲ. ಸ್ಟೀಮ್ ಮೊದಲಾದ ಅಂಗಡಿಗಳ ಮೂಲಕ ಕೊಂಡ ಎಷ್ಟೋ ಆಟಗಳು ಮುಚ್ಚಿದ ಮೇಲೆಯೇ ತಮ್ಮ ದಾಖಲೆಯ ಪ್ರತಿಯನ್ನು ದೂರದ ಭಂಡಾರಕ್ಕೆ ಕಳುಹಿಸುವುವು. ಅದಕ್ಕೆ ಒಂದೆರಡು ನಿಮಿಷಗಳ ಅವಕಾಶ ಬೇಕು.

ಇನ್ನು ಆಟವು ನಿಂತುಹೋದಾಗ ಏನು ಮಾಡಬೇಕು? ವಿಂಡೋಸ್ ಇರುವ ಯಂತ್ರಗಳಲ್ಲಿ, ತೆರೆದ ಕಿಟಕಿಯೊಂದು ೫ ಸೆಕೆಂಡುಗಳ ಕಾಲ ಕೀಲಿ ಮತ್ತು ಮೌಸುಗಳ ಕರೆಗೆ ಓಗೊಡದಿದ್ದರೆ, ಅದು ಉತ್ತರ ಕೊಡುತ್ತಿಲ್ಲವೆಂದು ವ್ಯವಸ್ಥೆಯು ಬರೆದು ತೋರಿಸುವುದು. ಇದು ಮರಣದ ಸುದ್ದಿಯಲ್ಲ, ಉಸಿರು ಕಟ್ಟಿದ ಸೂಚನೆ ಮಾತ್ರ. ಡಿಸ್ಕಿನಿಂದ ದೊಡ್ಡ ಫೈಲನ್ನು ಓದುತ್ತಿರುವುದು, ಜ್ಞಾಪಕಸ್ಥಾನವು ಸಾಲದೆ ಹೋದುದು, ದೂರದ ಯಂತ್ರದ ಉತ್ತರಕ್ಕೆ ಕಾಯುತ್ತಿರುವುದು, ಇವೆಲ್ಲವೂ ಕಾರಣಗಳಾಗಬಹುದು. ಎಷ್ಟೋ ಸಲ ಒಂದೆರಡು ನಿಮಿಷ ಸುಮ್ಮನಿದ್ದರೆ ತಾನಾಗಿಯೇ ಚೇತರಿಸಿಕೊಳ್ಳುವುದು. ಕೀಲಿಗಳನ್ನೆಲ್ಲ ಬಡಿಯುವುದರಿಂದ ಪ್ರಯೋಜನವಿಲ್ಲ. ಅವೆಲ್ಲ ಸಾಲುಗಟ್ಟಿ ನಿಂತು, ಆಟಕ್ಕೆ ಎಚ್ಚರವಾದೊಡನೆ ಒಟ್ಟಿಗೆ ನುಗ್ಗುವುವು.

ಕಾದರೂ ಫಲವಿಲ್ಲದಿದ್ದರೆ ಮೊದಲನೆಯ ಉಪಾಯವು ಆಲ್ಟ್ ಮತ್ತು ಎಫ್ ೪ ಕೀಲಿಗಳನ್ನು ಜೊತೆಯಲ್ಲಿ ಒತ್ತುವುದು. ಇದು ಕೋರಿಕೆಯ ಜಾತಿಗೆ ಸೇರಿದ್ದು. ಆದರೆ ಇದನ್ನು ಕೇಳಿದ ಕೂಡಲೇ ಸೇವ್ ಮಾಡದೆ ಹೊರಟುಹೋಗುವ ಆಟಗಳೂ ಉಂಟಾದುದರಿಂದ, ಸರಿಯಾಗಿ ನಡೆಯುತ್ತಿರುವ ಆಟಕ್ಕೆ ಇದನ್ನು ಬಳಸದಿರುವುದು ಲೇಸು. ಎರಡನೆಯದು, ಆಲ್ಟ್ ಮತ್ತು ಟ್ಯಾಬ್ ಕೀಲಿಗಳನ್ನೊತ್ತಿ ಬೇರೊಂದು ಕಿಟಕಿಗೆ ಬರುವುದು. ನಮ್ಮ ಮನೆಯಲ್ಲಿ ನಡೆದಂತೆ ಹಿಂದೆ ಯಾರದಾದರೂ ಲೆಕ್ಕವೋ ಕಾಗದವೋ ತೆರೆದಿದ್ದರೆ ಅದನ್ನು ಮೊದಲು ಸೇವ್ ಮಾಡಿಬಿಡಬೇಕು. ಆಟವು ಹೋದರೂ ಮನೆಯ ಲೆಕ್ಕವು ಉಳಿಯುವುದು.

ಮೂರನೆಯದು, ಕಂಟ್ರೋಲ್, ಶಿಫ್ಟ್, ಎಸ್ಕೇಪ್ ಈ ಮೂರನ್ನೂ ಒಟ್ಟಿಗೆ ಒತ್ತಿ ಟಾಸ್ಕ್ ಮ್ಯಾನೇಜರನ್ನು ಕರೆಯುವುದು. ಯಂತ್ರದಲ್ಲಿ ನಡೆಯುತ್ತಿರುವ ಕೆಲಸಗಳ ಪಟ್ಟಿಯು ಅದರಲ್ಲಿರುವುದು. ನಿಂತ ಆಟದ ಹೆಸರನ್ನು ಆರಿಸಿ ಎಂಡ್ ಟಾಸ್ಕ್ ಎಂಬುದನ್ನು ಒತ್ತಿದರೆ ಆಟವೊಂದೇ ಹೋಗುವುದು, ಉಳಿದುವೆಲ್ಲ ಕ್ಷೇಮವಾಗಿರುವುವು. ಪರದೆಯನ್ನೆಲ್ಲ ಆವರಿಸಿದ ಆಟವು ಕೆಲವು ಸಲ ಈ ಪಟ್ಟಿಯನ್ನೂ ತನ್ನ ಹಿಂದೆ ಮರೆಮಾಡುವುದುಂಟು. ಆಗ ಕಂಟ್ರೋಲ್, ಆಲ್ಟ್, ಡಿಲೀಟ್ ಎಂಬ ಪ್ರಸಿದ್ಧವಾದ ಮೂರು ಕೀಲಿಗಳನ್ನು ಒತ್ತಬೇಕು. ಇವುಗಳ ಕರೆಯನ್ನು ವಿಂಡೋಸ್ ತಾನೇ ಕೇಳಿಸಿಕೊಳ್ಳುವುದು. ಸಾಮಾನ್ಯವಾದ ಯಾವ ಪ್ರೋಗ್ರಾಮಿಗೂ ಅದನ್ನು ಅಡ್ಡಗಟ್ಟುವ ಅಧಿಕಾರವಿಲ್ಲ. ಅಲ್ಲಿಂದ ಟಾಸ್ಕ್ ಮ್ಯಾನೇಜರಿಗೂ ಹೋಗಬಹುದು. ಯಂತ್ರವನ್ನು ಕ್ರಮವಾಗಿ ಆರಿಸುವ ಗುರುತೂ ಅದೇ ಪರದೆಯ ಕೆಳಗಿನ ಮೂಲೆಯಲ್ಲಿದೆ.

ಆಪಲ್ ಮ್ಯಾಕ್ ಯಂತ್ರವಿರುವ ಮನೆಗಳಲ್ಲಿ ಕಮಾಂಡ್ ಮತ್ತು ಕ್ಯೂ ಎಂಬುವು ಕೋರಿಕೆಯ ಕೀಲಿಗಳು; ಕಮಾಂಡ್, ಆಪ್ಷನ್, ಎಸ್ಕೇಪ್ ಎಂಬುವು ಬಲಾತ್ಕಾರದ ಪಟ್ಟಿಯನ್ನು ತೆರೆಯುವ ಕೀಲಿಗಳು. ಅಲ್ಲಿ ಕಿಟಕಿಯ ಕೆಂಪು ಚುಕ್ಕೆಯನ್ನು ಒತ್ತಿದ ಮಾತ್ರಕ್ಕೆ ಪ್ರೋಗ್ರಾಮು ಮುಗಿಯಿತೆಂದು ತಿಳಿಯಬಾರದು. ಎಷ್ಟೋ ಪ್ರೋಗ್ರಾಮುಗಳು ಕಿಟಕಿಯನ್ನು ಮುಚ್ಚಿಕೊಂಡು ಒಳಗೇ ಇರುವುವು.

ಮೇಲ್ಕಂಡ ಯಾವುದಕ್ಕೂ ಜಗ್ಗದಿದ್ದರೆ ಮಾತ್ರ ಯಂತ್ರದ ವಿದ್ಯುತ್ ಗುಂಡಿಯನ್ನು ನಾಲ್ಕು ಸೆಕೆಂಡುಗಳಿಗೂ ಮೇಲ್ಪಟ್ಟು ಒತ್ತಿ ಹಿಡಿಯಬಹುದು. ಇದೂ ಗೋಡೆಯ ಸ್ವಿಚ್ಚಿಗೆ ಹೆಚ್ಚು ಕಡಮೆ ಸಮಾನವೇ. ಕೊನೆಯ ಮದ್ದೆಂದೇ ತಿಳಿಯತಕ್ಕದ್ದು. ಡಿಸ್ಕಿನಲ್ಲಿ ಯಾವ ಫೈಲು ಎಲ್ಲಿದೆಯೆಂಬ ಕಿರ್ದಿಯನ್ನು ಇಂದಿನ ವ್ಯವಸ್ಥೆಗಳು ಎಚ್ಚರದಿಂದ ಬರೆದಿಡುವುದರಿಂದ, ಇಂತಹ ಪೆಟ್ಟು ಬಿದ್ದರೂ ಡಿಸ್ಕು ಸಾಮಾನ್ಯವಾಗಿ ತೆರೆಯುವುದು. ಆದರೆ ಆ ಕಿರ್ದಿಯು ಚೀಲಗಳ ಲೆಕ್ಕವನ್ನಿಡುವುದೇ ಹೊರತು ಚೀಲದೊಳಗಿನ ಧಾನ್ಯಕ್ಕೆ ಹೊಣೆಯಲ್ಲ. ಬರೆಯುತ್ತಿದ್ದ ಫೈಲಿನ ಒಳಗೆ ಅರ್ಧ ಹೊಸತು, ಅರ್ಧ ಹಳತು ಆಗಿರಬಹುದು. ಜಾಣತನದಿಂದ ಮಾಡಿದ ಆಟಗಳು ಹೊಸ ಪ್ರತಿಯನ್ನು ಪೂರ್ತಿಯಾಗಿ ಬರೆದ ಮೇಲೆಯೇ ಹಳೆಯದನ್ನು ಬಿಡುವುವು. ಎಲ್ಲ ಆಟಗಳಲ್ಲಿಯೂ ಈ ಜಾಣತನವನ್ನು ನಂಬಲಾಗದು. ವಾರಕ್ಕೊಮ್ಮೆ ಮಕ್ಕಳೇ ತಮ್ಮ ದಾಖಲೆಯ ಒಂದು ಪ್ರತಿಯನ್ನು ಬೇರೆ ಕಡೆ ಇಟ್ಟುಕೊಳ್ಳುವುದನ್ನು ಕಲಿಯಲಿ. ಕರೆಂಟು ಹೇಳದೆ ಹೋಗುವ ಊರುಗಳಲ್ಲಿ ಒಂದು ಯುಪಿಎಸ್ ಇರುವುದೂ ಅಗತ್ಯ.

ಈ ಎಚ್ಚರವು ಹೊಸದೇನೂ ಅಲ್ಲ. ೧೯೮೭ರಲ್ಲಿ ಅಮೆರಿಕೆಗೆ ಬಂದ 'ದಿ ಲೆಜೆಂಡ್ ಆಫ್ ಜೆಲ್ಡಾ' ಎಂಬ ನಿಂಟೆಂಡೋ ಆಟದ ಪೆಟ್ಟಿಗೆಯೊಳಗೆ ದಾಖಲೆಯನ್ನು ಕಾಪಾಡಲು ಸಣ್ಣ ಬ್ಯಾಟರಿಯೊಂದಿದ್ದಿತು. ಆಡಿ ಮುಗಿಸಿದವರು ರೀಸೆಟ್ ಗುಂಡಿಯನ್ನು ಒತ್ತಿ ಹಿಡಿದುಕೊಂಡೇ ವಿದ್ಯುತ್ತನ್ನು ಆರಿಸಬೇಕೆಂದು ನಿಯಮವಿದ್ದಿತು. ಕಂಟ್ರೋಲ್, ಆಲ್ಟ್, ಡಿಲೀಟ್‌ಗಳ ಕಥೆಯು ಇನ್ನೂ ಸ್ವಾರಸ್ಯವಾದದ್ದು. ೧೯೮೧ರಲ್ಲಿ ಹೊರಬಂದ ಐಬಿಎಂ ಪಿಸಿಯನ್ನು ನಿರ್ಮಿಸಿದವರಲ್ಲಿ ಒಬ್ಬರಾದ ಡೇವಿಡ್ ಬ್ರಾಡ್ಲಿ ಎಂಬ ಇಂಜಿನಿಯರು ಯಂತ್ರವನ್ನು ಮತ್ತೆ ಮೊದಲಿನಿಂದ ಹೊರಡಿಸಲು ಇದನ್ನು ಏರ್ಪಡಿಸಿದರು. ಮೊದಲು ಅವರು ಆರಿಸಿದ್ದ ಕೀಲಿಗಳು ಒಂದೇ ಕೈಗೆ ಸಿಕ್ಕುತ್ತಿದ್ದುವು. ತಿಳಿಯದೆ ಕೈ ತಗುಲಿ ಯಾರ ಕೆಲಸವಾದರೂ ಹಾಳಾದೀತೆಂದು ಅವನ್ನು ಬಿಟ್ಟು, ಎರಡು ಕೈಗಳೂ ಬೇಕಾಗುವಂತೆ ದೂರದ ಡಿಲೀಟ್ ಕೀಲಿಯನ್ನು ಸೇರಿಸಿದರು. ಇನ್ನೊಬ್ಬರ ಕೆಲಸವನ್ನು ಅಳಿಸಬೇಕಾದರೆ ಎರಡು ಕೈಗಳನ್ನೆತ್ತಿ ಒಮ್ಮೆ ಯೋಚಿಸಬೇಕೆಂದು ಅವರು ಕಂಡುಕೊಂಡಿದ್ದರು. ಗೋಡೆಯ ಸ್ವಿಚ್ಚಿಗಾದರೋ ನಮ್ಮ ಒಂದು ಬೆರಳು ಸಾಕಾಗಿದ್ದಿತು.

ಮಕ್ಕಳ ಆಟಕ್ಕೆ ಇಷ್ಟು ಮರ್ಯಾದೆಯೇ ಎಂದು ಕೆಲವು ಗೃಹಸ್ಥರು ಕೇಳಬಹುದು. ಊಟದ ಹೊತ್ತು, ಓದಿನ ಹೊತ್ತು ಇವು ಮನೆಯ ನಿಯಮಗಳು. ಅವನ್ನು ಸಡಿಲಿಸಬೇಕೆಂದು ನಾವು ಹೇಳುವುದಿಲ್ಲ. ಆದರೆ ನಿಯಮವನ್ನು ನಡೆಸುವ ಕ್ರಮವೊಂದುಂಟಷ್ಟೆ. ಜಾಲದ ಮೂಲಕ ಹತ್ತು ಜನರು ಕೂಡಿ ಆಡುವ ಪಂದ್ಯವನ್ನು ಸಾಮಾನ್ಯವಾಗಿ ನಡುವೆ ನಿಲ್ಲಿಸಲಾಗದು. ಅರ್ಧಕ್ಕೆ ಎದ್ದುಹೋದವನಿಂದ ಜೊತೆಯವರಿಗೆ ನಷ್ಟ, ಅವನಿಗೂ ಕೆಲವು ಆಟಗಳಲ್ಲಿ ದಂಡನೆಯುಂಟು. ಒಂಟಿಯಾಗಿ ಆಡುವ ಎಷ್ಟೋ ಆಟಗಳಲ್ಲಿಯೂ ಎಲ್ಲೆಂದರಲ್ಲಿ ಸೇವ್ ಮಾಡಲಾಗದು. ಆದಕಾರಣ ಊಟಕ್ಕೆ ಹದಿನೈದು ನಿಮಿಷ ಮುಂಚಿತವಾಗಿ ಒಂದು ಮಾತು ಹೇಳಿಬಿಟ್ಟರೆ, ಹೊಸ ಪಂದ್ಯಕ್ಕೆ ಇಳಿಯದೆ ಹುಡುಗರು ಸಿದ್ಧರಾಗುವರು. ಇದಕ್ಕೆ ಪ್ರತಿಯಾಗಿ ಮಕ್ಕಳೂ ಮಾತನ್ನು ಉಳಿಸಿಕೊಳ್ಳಬೇಕು. ನಿಂತುಹೋಯಿತೆಂದು ಸುಳ್ಳು ಹೇಳಿದರೆ, ನಿಜವಾಗಿ ನಿಂತ ದಿನ ನಂಬುವವರಿರುವುದಿಲ್ಲ. ನಮ್ಮ ಮೊಮ್ಮಗನಿಗೆ ಇದನ್ನು ಹೇಳುವ ಮುಂಚೆ, ಅವನು ಅಂದು ಸುಳ್ಳು ಹೇಳಿರಲಿಲ್ಲವೆಂಬುದನ್ನು ಎಲ್ಲರ ಮುಂದೆ ಒಪ್ಪಿಕೊಂಡೆವು. ಹಿರಿಯರು ತಪ್ಪನ್ನು ಒಪ್ಪಿಕೊಂಡರೆ ಮನೆಯಲ್ಲಿ ಅವರ ಮಾತು ಹಗುರವಾಗುವುದೆಂಬ ಭಯವು ನಮಗೂ ಇದ್ದಿತು, ಹಾಗೇನೂ ಆಗಲಿಲ್ಲ.

ಮೊಮ್ಮಗಳು ಹಳೆಯ ಜಾಗದಲ್ಲಿ ಮತ್ತೆ ತೋಟ ಮಾಡಲು ಒಪ್ಪದೆ, ಕೆರೆಯ ಆಚೆ ದಡದಲ್ಲಿ ಹೊಸದನ್ನು ಹೂಡಿದಳು. ನಾವೂ ಒಂದು ದಿನ ಅವಳ ಪಕ್ಕದಲ್ಲಿ ಕುಳಿತು ಬೇಲಿಯ ಒಂದು ಸಾಲನ್ನು ಇಡುವೆವೆಂದು ಕೇಳಿದೆವು. ಅಭ್ಯಾಸವಿಲ್ಲದ ಕೈಗಳಿಂದ ಆ ಒಂದು ಸಾಲನ್ನು ಮುಗಿಸುವಷ್ಟರಲ್ಲಿ ಮುಕ್ಕಾಲು ಗಂಟೆ ಕಳೆದಿದ್ದಿತು. ಕುಂಬಾರನ ವರುಷವೆಂಬುದು ಎಷ್ಟು ದೀರ್ಘವೆಂದು ನಮಗೆ ಆಗ ತಿಳಿಯಿತು. ಏಳುವ ಮುನ್ನ, ಸೇವ್ ಆಯಿತೇ ಎಂದು ನಾವೇ ಎರಡು ಸಲ ಕೇಳಿದೆವು.