ಗೊಟೊ ಬಿಟ್ಟುಹೋದ ಗುಣಾಕಾರ

ಲಿನಕ್ಸ್ ಕಂಪ್ಯೂಟರಿನಲ್ಲಿ ಪೈಥಾನ್ ತೆರೆದು, ನಮ್‌ಪೈ ಮೂಲಕ 1000 ಸಾಲು, 1000 ಕಂಬಗಳ ಎರಡು ಮ್ಯಾಟ್ರಿಕ್ಸ್‌ಗಳನ್ನು ಗುಣಿಸಿ ನೋಡಿ. ಗುಣಿಸುವುದು, ಕೂಡುವುದು ಸೇರಿ ಹತ್ತಿರ ಹತ್ತಿರ 200 ಕೋಟಿ ಲೆಕ್ಕ. ರೆಪ್ಪೆ ಬಡಿಯುವಷ್ಟರಲ್ಲಿ ಉತ್ತರ ಸಿದ್ಧ. ಅದನ್ನೇ ಪಠ್ಯಪುಸ್ತಕದಂತೆ ಮೂರು ಲೂಪ್ ಹಾಕಿ ಪೈಥಾನಿನಲ್ಲೇ ಬರೆದರೆ, ಎದ್ದುಹೋಗಿ ಕಾಫಿ ಕುಡಿದು ಬರಬಹುದು. ನಮ್‌ಪೈ ಈ ಕೆಲಸವನ್ನು ಯಾರಿಗೆ ಒಪ್ಪಿಸುತ್ತದೆಂದು ಅದನ್ನೇ ಕೇಳಿದರೆ, ಸಾಮಾನ್ಯವಾಗಿ ಬರುವ ಹೆಸರು ಓಪನ್‌ಬ್ಲಾಸ್ ಎಂಬ ಲೈಬ್ರರಿಯದು.

ಇದರ ಬೇರು ಕಜುಶಿಗೆ ಗೊಟೊ ಎಂಬ ಜಪಾನೀಯರ ಕೈಬರಹದಲ್ಲಿದೆ. ಪೇಟೆಂಟ್ ಕಚೇರಿಯ ನೌಕರರಾಗಿದ್ದ ಅವರು 2002ರಲ್ಲಿ ರಜೆಯ ಮೇಲೆ ಆಸ್ಟಿನ್‌ನ ಟೆಕ್ಸಾಸ್ ವಿಶ್ವವಿದ್ಯಾಲಯಕ್ಕೆ ಬಂದರು. ಕಂಪೈಲರನ್ನು ನಂಬದೆ, ಒಂದೊಂದು ಪ್ರೊಸೆಸರಿಗೂ ಬೇರೆಬೇರೆಯಾಗಿ ಕೂತು, ಗುಣಾಕಾರದ ಕೋಡನ್ನು ಅಸೆಂಬ್ಲಿ ಭಾಷೆಯಲ್ಲಿ ಬರೆದರು. ದಿನಸಿ ಅಂಗಡಿಯವನಿಗೆ ಬೇಕಾದ ಸಾಮಾನು ಕೈಗೆಟುಕುವಲ್ಲಿದ್ದರೆ ಸಾಲದು, ಉಳಿದದ್ದು ಯಾವ ಗೂಡಿನಲ್ಲಿದೆ ಎಂಬುದೂ ನೆನಪಿರಬೇಕು. ಪ್ರತಿಸಲ ಪಟ್ಟಿ ತೆಗೆದು ಹುಡುಕಿದರೆ ಗಿರಾಕಿ ಎದ್ದುಹೋಗುತ್ತಾನೆ. ಪ್ರೊಸೆಸರಿನ ಕಥೆಯೂ ಇದೇ: ಎಲ್ಲರೂ ಅದರ ಕೈಗೆಟುಕುವ ಪುಟ್ಟ ಮೆಮೊರಿಯಾದ ಕ್ಯಾಶೆಯ ಚಿಂತೆಯಲ್ಲಿದ್ದಾಗ, ಗೊಟೊ ಕಣ್ಣಿಟ್ಟಿದ್ದು ದತ್ತಾಂಶ ಮೆಮೊರಿಯಲ್ಲಿ ಎಲ್ಲಿದೆ ಎಂಬ ವಿಳಾಸದ ಹುಡುಕಾಟದ ಮೇಲೆ. ರಾಬರ್ಟ್ ವಾನ್ ಡಿ ಹೈನ್ ಜೊತೆ 2008ರಲ್ಲಿ ಪ್ರಕಟಿಸಿದ ಪ್ರಬಂಧದಲ್ಲಿ ಇದೆಲ್ಲ ವಿವರವಾಗಿದೆ.

ಇಂಥ ಕಸುಬುಗಾರಿಕೆಗೆ ಒಂದು ಶಾಪವೂ ಅಂಟಿಕೊಂಡಿದೆ. ಯಾವ ಚಿಪ್ಪಿಗೆ ಅಳತೆ ತೆಗೆದು ಹೊಲಿದಿದ್ದೋ ಆ ಚಿಪ್ಪು ಹಳತಾದರೆ ಅದೂ ಹಳತು. 2010ರಲ್ಲಿ ಗೊಟೊ ಮೈಕ್ರೋಸಾಫ್ಟ್ ಸೇರಿದರು, ಅವರು ಬರೆದ ಗೊಟೊಬ್ಲಾಸ್ ಲೈಬ್ರರಿ ಅಲ್ಲಿಗೇ ನಿಂತಿತು. ಮರುವರ್ಷ ಇಂಟೆಲ್‌ನ ಹೊಸ ಪೀಳಿಗೆಯ ಪ್ರೊಸೆಸರುಗಳು ಮಾರುಕಟ್ಟೆಗೆ ಬಂದವು; ಅವುಗಳ ಅಳತೆಗೆ ಅದನ್ನು ಹೊಲಿದಿರಲಿಲ್ಲ. ಬೇರೆಯವರು ತಿದ್ದೋಣವೆಂದರೆ, ಮೊದಮೊದಲು ಗೊಟೊಬ್ಲಾಸ್‌ನ ಲೈಸೆನ್ಸಿನಲ್ಲಿ ಬಿಗಿ ಕಟ್ಟುಗಳಿದ್ದವು. ಕೊನೆಯ ಆವೃತ್ತಿಯಷ್ಟೇ ಯಾರು ಬೇಕಾದರೂ ತಿದ್ದಿ ಹಂಚಬಹುದಾದ ಬಿಎಸ್‌ಡಿ ಲೈಸೆನ್ಸಿನಡಿ ಹೊರಬಂದಿತ್ತು. ಅದೊಂದಿಲ್ಲದಿದ್ದರೆ ಆ ಅಸೆಂಬ್ಲಿಯೆಲ್ಲ ಕಪಾಟು ಸೇರುತ್ತಿತ್ತು. ಚೀನಾ ವಿಜ್ಞಾನ ಅಕಾಡೆಮಿಯಲ್ಲಿದ್ದ ಜಾಂಗ್ ಷಿಯಾನ್‌ಯಿ ಅದನ್ನೇ ಎತ್ತಿಕೊಂಡು ಓಪನ್‌ಬ್ಲಾಸ್ ಆಗಿ ಮುಂದುವರಿಸಿದರು. ಅವರು ಗೊಟೊ ಅವರ ಅಪ್ಪಣೆಗೆ ಕಾಯಬೇಕಾಗಿರಲಿಲ್ಲ.

ನಮ್ಮ ಕಾಲೇಜುಗಳಲ್ಲಿ ಮುಕ್ತ ತಂತ್ರಾಂಶದ ಮಾತೆತ್ತಿದರೆ ಮೊದಲು ಕೇಳಿಬರುವುದು ದುಡ್ಡು ಉಳಿಯಿತೆಂಬ ಸಮಾಧಾನ. ಪುಕ್ಕಟೆ ತಂತ್ರಾಂಶ ಬೇಕಾದಷ್ಟಿದೆ. ಬರೆದವರು ಎದ್ದುಹೋದ ಮೇಲೂ ಅವರ ಜಾಗದಲ್ಲಿ ಕೂರುವ ಹಕ್ಕು ಮಾತ್ರ ಎಲ್ಲದರ ಜೊತೆಗೂ ಬರುವುದಿಲ್ಲ. ಈಗ ಓಪನ್‌ಬ್ಲಾಸ್ ಆರ್ಮ್, ರಿಸ್ಕ್-ಫೈವ್ ಚಿಪ್ಪುಗಳಲ್ಲೂ ಓಡುತ್ತದೆ. ಆ ಭಾಗಗಳನ್ನು ಬರೆದವರು ಬೇರೆಯವರು.