ಸಿಡಿಯುವ ನಲ್ಲಿ, ಎಸೆದ ಜಾಲರಿ

ಯಲಹಂಕ, ಹೆಬ್ಬಾಳ, ಆರ್.ಟಿ. ನಗರದ ಎಷ್ಟೋ ಮನೆಗಳಲ್ಲಿ ಅಡುಗೆಮನೆಯ ನಲ್ಲಿಯನ್ನು ತಿರುಗಿಸಿದೊಡನೆ ನೀರು ಪಾತ್ರೆಗೆ ಬೀಳದೆ ಗೋಡೆಗೂ ಸೀರೆಗೂ ಸಿಡಿಯುವುದುಂಟು. ಕೆಲವರು ಬೇಸತ್ತು ನಲ್ಲಿಯ ಬಾಯಿಯಲ್ಲಿರುವ ಪುಟ್ಟ ಜಾಲರಿಯನ್ನೇ ಬಿಚ್ಚಿ ಎಸೆದುಬಿಡುತ್ತಾರೆ. ಸಿಡಿತವೇನೋ ನಿಲ್ಲುತ್ತದೆ, ಅದರೊಡನೆ ನೀರಿನ ಉಳಿತಾಯವೂ ನಿಲ್ಲುತ್ತದೆ.

ಏರೇಟರ್ ಎಂಬ ಈ ಜಾಲರಿ ಹರಿವನ್ನು ತಗ್ಗಿಸಿ, ನೀರಿಗೆ ಗಾಳಿಯನ್ನು ಬೆರೆಸಿ, ಕಡಿಮೆ ನೀರಿನಲ್ಲಿಯೇ ತುಂಬುಧಾರೆಯನ್ನು ಕೊಡುತ್ತದೆ. 2024ರ ಬೇಸಿಗೆಯಲ್ಲಿ ಕೊಳವೆಬಾವಿಗಳು ಬತ್ತಿ ನಗರವು ತತ್ತರಿಸಿದಾಗ, ಅಪಾರ್ಟ್‌ಮೆಂಟ್, ಹೋಟೆಲು, ವಾಣಿಜ್ಯ ಕಟ್ಟಡಗಳಲ್ಲಿ ಇದನ್ನು ಅಳವಡಿಸಬೇಕೆಂದು ಬೆಂಗಳೂರು ಜಲಮಂಡಳಿಯು ಮಾರ್ಚ್ ತಿಂಗಳಿನಲ್ಲಿ ಕಡ್ಡಾಯಗೊಳಿಸಿತು. ಕ್ರಮವು ಯೋಗ್ಯವಾದುದೇ. ಆದರೆ ಜಾಲರಿಯನ್ನು ತೊಳೆದಿಡುವ ಕಾಯಕವನ್ನು ಯಾವ ಆದೇಶವೂ ಮಾಡಿಕೊಡಲಾರದು.

ಕೊಳವೆಬಾವಿಯ ಗಡಸು ನೀರಿನ ಸುಣ್ಣದಂಶವು ಜಾಲರಿಯ ಕಣ್ಣುಗಳಲ್ಲಿ ಬಿಳಿಯ ಪೊರೆಯಾಗಿ ಕಟ್ಟುತ್ತದೆ. ಪೈಪಿನ ಮರಳೂ ಅಲ್ಲಿಯೇ ತಂಗುತ್ತದೆ. ದಾರಿ ಸಿಗದ ನೀರು ಅಡ್ಡಕ್ಕೆ ಚಿಮ್ಮುತ್ತದೆ. ಆದುದರಿಂದ ಕೆಟ್ಟಿರುವುದು ನಲ್ಲಿಯಲ್ಲ. ಮೊದಲು ಸಿಂಕಿನ ತೂತಿಗೆ ಒಂದು ಬಟ್ಟೆಯನ್ನು ಮುಚ್ಚಬೇಕು, ಏಕೆಂದರೆ ಜಾರಿದ ರಬ್ಬರ್ ಉಂಗುರ ಮತ್ತೆ ಸಿಗುವುದಿಲ್ಲ. ಜಾಲರಿಯನ್ನು ಕೈಯಿಂದಲೇ ತಿರುಗಿಸಿ ಬಿಚ್ಚಿ, ಬಿಡಿಭಾಗಗಳನ್ನು ಬಿಚ್ಚಿದ ಕ್ರಮದಲ್ಲಿಯೇ ಸಾಲಾಗಿ ಇಟ್ಟುಕೊಳ್ಳಬೇಕು. ನಿಂಬೆರಸದಲ್ಲಾಗಲಿ ವಿನೆಗರಿನಲ್ಲಾಗಲಿ ಒಂದು ಗಂಟೆ ನೆನೆಸಿ ಹಳೆಯ ಹಲ್ಲುಜ್ಜುವ ಬ್ರಷ್ಷಿನಿಂದ ಉಜ್ಜಿದರೆ ಪೊರೆ ಬಿಡುತ್ತದೆ. ಮರಳಿ ಜೋಡಿಸುವ ಮುನ್ನ ನಲ್ಲಿಯನ್ನು ಕ್ಷಣಕಾಲ ಹರಿಯಬಿಟ್ಟರೆ ಒಳಗಿನ ಮರಳೂ ಹೊರಬೀಳುತ್ತದೆ. ಬಾಡಿಗೆಮನೆಗಳಲ್ಲಿ ಮಾಲೀಕರಿಗಾಗಿ ಬಾಡಿಗೆದಾರರೂ, ಬಾಡಿಗೆದಾರರಿಗಾಗಿ ಮಾಲೀಕರೂ ತಿಂಗಳುಗಟ್ಟಲೆ ಕಾಯುವುದು ಇಷ್ಟಕ್ಕಾಗಿ!

ಹತ್ತೊಂಬತ್ತನೆಯ ಶತಮಾನದ ಕೊನೆಯಲ್ಲಿ ಬೆಂಗಳೂರಿಗೆ ಕೊಳಾಯಿ ನೀರು ಹರಿದದ್ದು ಯಲಹಂಕದ ನೆರೆಯ ಹೆಸರಘಟ್ಟದಿಂದ. ಇಂದು ಅದೇ ಉತ್ತರ ಭಾಗಕ್ಕೆ ಕಾವೇರಿಯು ಸುಮಾರು 100 ಕಿ.ಮೀ. ದೂರದ ತೊರೆಕಾಡನಹಳ್ಳಿಯಿಂದ ಏರಿ ಬರಬೇಕಾಗಿದೆ. 2024ರ ಅಕ್ಟೋಬರ್ 16ರಂದು ಉದ್ಘಾಟನೆಗೊಂಡ ಐದನೆಯ ಹಂತವು ದಿನಕ್ಕೆ 77.5 ಕೋಟಿ ಲೀಟರಿನದು. ಅಷ್ಟು ವಿದ್ಯುತ್ತನ್ನು ಉಂಡು ಬಂದ ನೀರು ಬಚ್ಚಲಿಗೆ ತೊಟ್ಟಿಕ್ಕುವುದು ಸಣ್ಣ ಸಂಗತಿಯಲ್ಲ. ಕಾಲು ಮಿಲಿಲೀಟರಿನ ಒಂದು ಹನಿ ಸೆಕೆಂಡಿಗೊಮ್ಮೆ ಬಿದ್ದರೂ ದಿನಕ್ಕೆ 21.6 ಲೀಟರ್, ಎಂದರೆ ಹೆಚ್ಚುಕಡಿಮೆ ಒಂದು ಕ್ಯಾನು.

ತೊಟ್ಟಿಕ್ಕುವ ನಲ್ಲಿಯನ್ನು ಬಲವಾಗಿ ತಿರುಚುವುದೇ ದೊಡ್ಡ ತಪ್ಪು. ಒಳಗಿನ ವಾಷರ್ ಇನ್ನಷ್ಟು ನಜ್ಜುಗುಜ್ಜಾಗಿ, ಅದು ಕೂರುವ ಹಿತ್ತಾಳೆಯ ಅಂಚೂ ಸವೆಯುತ್ತದೆ. ತೊಟ್ಟಿಯಿಂದ ಬರುವ ವಾಲ್ವನ್ನು ಮುಚ್ಚಿ, ಉಳಿದ ನೀರನ್ನು ಬಸಿದು, ಹಿಡಿಯ ಭಾಗವನ್ನು ಬಿಚ್ಚಿ ವಾಷರನ್ನು ಬದಲಿಸಬೇಕು. ಕಾಲು ಸುತ್ತಿಗೆ ತೆರೆಯುವ ಹೊಸ ಬಗೆಯ ನಲ್ಲಿಗಳಲ್ಲಿ ವಾಷರ್ ಇರದು. ಸೆರಾಮಿಕ್ ಕಾರ್ಟ್ರಿಜ್ಜನ್ನೇ ಬದಲಿಸಬೇಕಾಗುತ್ತದೆ. ಅಳತೆಗಳು ಬೇರೆ ಬೇರೆಯಾದುದರಿಂದ ಅಂಗಡಿಗೆ ಹೋಗುವಾಗ ಹಳೆಯದನ್ನು ಕೈಯಲ್ಲಿ ಹಿಡಿದೇ ಹೋಗುವುದು ಲೇಸು.